ಸುತ್ತಿಟ್ಟ ಹತ್ತು ಮೀಟರ್

ತೆಲಂಗಾಣದ ತಾಂಡೂರು, ಪೆದ್ದೆಮುಲ್ ಸೀಮೆಯಲ್ಲಿ ನೆಲ ಅಗೆಯುವವರ ಕಷ್ಟ ಅಗೆದವರಿಗೇ ಗೊತ್ತು. ತೊಗರಿ ಬೆಳೆಯುವ ಎರೆ ಹೊಲ ಬೇಸಿಗೆಯಲ್ಲಿ ಬಾಯಿ ಬಿಡುತ್ತದೆ, ಮಳೆಗೆ ಉಬ್ಬುತ್ತದೆ. ಎರೆ ಮುಗಿದಲ್ಲಿ ಪರಸಿ ಶುರು. ಪದರು ಪದರಾದ ಆ ಸುಣ್ಣಕಲ್ಲು ದೇಶದ ಎಷ್ಟೋ ಮನೆಗಳ ನೆಲವಾಗಿದೆ, ಆದರೆ ಕೇಬಲ್ ಹೂಳಲು ಕಾಲುವೆ ತೋಡುವವನಿಗೆ ಅದೇ ಶತ್ರು.

ಇಂಥ ನೆಲದಲ್ಲೇ ಈಗ ಫೈಬರ್ ಹಾದುಹೋಗುತ್ತದೆ. ಪಂಚಾಯ್ತಿಗಳಿಗೆ ಭಾರತ್‌ನೆಟ್ ಇದೆ. ತೆಲಂಗಾಣದ ಟಿ-ಫೈಬರ್ ಅಂತೂ ಮಿಷನ್ ಭಗೀರಥದ ನೀರಿನ ಪೈಪಿನ ಜೊತೆಗೇ ಕೇಬಲ್ ಪೈಪನ್ನೂ ಮಲಗಿಸಿತು. ಒಮ್ಮೆ ತೋಡಿದ ಕಾಲುವೆಯಲ್ಲಿ ಎರಡು ಕೆಲಸ ಮುಗಿಸಿದ್ದು ಜಾಣತನವೇ ಸರಿ.

ಎರಡು ಕೇಬಲ್ ಕೂಡಿಸುವ ಜಾಯಿಂಟ್ ಗುಂಡಿಯ ಹತ್ತಿರ ನಿಂತು ನೋಡುವ ಹಿರಿಯರ ಪ್ರಶ್ನೆ ಎಲ್ಲ ಕಡೆಯೂ ಒಂದೇ: “ಇಷ್ಟು ವೈರ್ ಸುತ್ತಿ ಯಾಕ ಹುಗೀತೀರಿ ತಮ್ಮಾ? ವೇಸ್ಟ್ ಅಲ್ಲೇನು?” ಕೇಬಲ್ ಕೆಲಸದ ಹುಡುಗರ ಉತ್ತರ: “ನಾಳಿಗೆ ಜೆಸಿಬಿ ಹರದ್ರ ಇದೇ ಕೈ ಹಿಡೀತದ ಕಾಕಾ.” ಎರಡೂ ಬದಿಗೆ ಸುಮಾರು 10 ಮೀಟರ್ ಲೂಪ್ ಬಿಡುವುದು ವಾಡಿಕೆ. ಬೆಳೆಯುವ ಹುಡುಗನ ಚಡ್ಡಿಗೆ ದರ್ಜಿ ಒಳಗೆ ಮಡಚಿ ಬಿಡುವ ಬಟ್ಟೆಯಿದ್ದಂತೆ ಅದು. ಗುಂಡಿಯ ಕೆಸರಿನಲ್ಲಿ ಬೆಸುಗೆ ಆಗುವುದಿಲ್ಲ. ಕೇಬಲ್ ತುದಿ ಮೇಲೆ ಬಂದು ಗಾಡಿಯೊಳಗಿನ ಬೆಸುಗೆ ಮಷಿನ್ ಮುಟ್ಟಬೇಕು. ಗಾಜಿನೆಳೆಯ ದಪ್ಪ 125 ಮೈಕ್ರಾನ್, ಮಿಲಿಮೀಟರಿನ ಎಂಟನೇ ಒಂದು ಪಾಲು. ಲೇಪ ತೆಗೆದು, ಸ್ಪಿರಿಟ್ಟಿನಲ್ಲಿ ಒರೆಸಿ, ಕ್ಲೀವರಿನಲ್ಲಿ ಕತ್ತರಿಸಿ ಜೋಡಿಸಿದರೂ ಒಮ್ಮೊಮ್ಮೆ ಕೂಡುವುದಿಲ್ಲ. ಮತ್ತೆ ಕತ್ತರಿಸಬೇಕು, ಪ್ರತಿ ಸಲವೂ ಎಳೆ ಗಿಡ್ಡವಾಗುತ್ತದೆ. ಅದಕ್ಕೇ ಬೆಸುಗೆಯಾದ ಎಳೆಗಳನ್ನು ಇಡುವ ಟ್ರೇಯೊಳಗೂ ಸುಮಾರು ಒಂದು ಮೀಟರ್ ಎಳೆ ಉಳಿಸಿಕೊಳ್ಳುತ್ತಾರೆ.

ಉಳಿಸಿದರೆ ಸಾಲದು, ಸುತ್ತುವ ಕೈ ಬೇಕು. ಕೇಬಲನ್ನು ಒಂದೇ ದಿಕ್ಕಿಗೆ ಸುತ್ತಿ ಎಳೆದರೆ ಸುತ್ತಿಗೊಂದು ತಿರುಚು ಬೀಳುತ್ತದೆ. ಬಲ್ಲವರು ನೆಲದ ಮೇಲೆ ಇಂಗ್ಲಿಷಿನ ಎಂಟರ ಅಂಕಿಯಂತೆ ಹಾಸುತ್ತಾರೆ. ಅರ್ಧ ಸುತ್ತಿನ ತಿರುಚನ್ನು ಮುಂದಿನ ಅರ್ಧ ಬಿಡಿಸುತ್ತದೆ. ಟ್ರೇಯೊಳಗೆ ಎಳೆಯ ದಿಕ್ಕು ತಿರುಗಿಸಲೂ ಇದೇ ಉಪಾಯ. ಸಾಮಾನ್ಯ ಎಳೆಗೆ 30 ಮಿಲಿಮೀಟರ್ ತ್ರಿಜ್ಯಕ್ಕಿಂತ ಬಿಗಿಯಾದ ಬಾಗು ಆಗಬಾರದು. ಬಿಗಿದರೆ ಎಳೆ ಮುರಿಯದಿದ್ದರೂ ಬೆಳಕು ಬಾಗಿನಲ್ಲೇ ಸೋರುತ್ತದೆ, ಅದೂ ಉದ್ದ ತರಂಗದ ಬೆಳಕು ಮೊದಲು. ಬೆಳಕು ಬಿಟ್ಟು ಎಳೆಯ ಉದ್ದ, ನಷ್ಟ ಅಳೆಯುವ ಓಟಿಡಿಆರ್ ಯಂತ್ರ ಹಚ್ಚಿದಾಗ 1310 ನ್ಯಾನೋಮೀಟರ್ ತರಂಗದಲ್ಲಿ ಸರಿಯಿದ್ದು 1550ರಲ್ಲಿ ನಷ್ಟ ಕಂಡರೆ ಬೆಸುಗೆಯನ್ನು ಬೈಯಬೇಡಿ. ಯಾರೋ ಟ್ರೇಯಲ್ಲಿ ಎಳೆ ತುರುಕಿದ್ದಾರೆ.

ನನಗೆ ಎಲ್ಲಕ್ಕಿಂತ ಮುಖ್ಯ ಅನಿಸುವುದು ಲೂಪಿನ ಲೆಕ್ಕ. ಎರಡು ಕಿಲೋಮೀಟರ್ ಡ್ರಮ್ಮಿನ ಪ್ರಕಾರ ಹತ್ತು ಕಿಲೋಮೀಟರಿಗೆ ನಾಲ್ಕು ಜಾಯಿಂಟ್. ಎರಡೂ ಬದಿಯ ಲೂಪ್ ಸೇರಿದರೆ 80 ಮೀಟರ್ ಕೇಬಲ್ ರಸ್ತೆಯ ಅಳತೆಯಲ್ಲಿ ಇಲ್ಲ. ಓಟಿಡಿಆರ್ ಅಳೆಯುವುದು ಎಳೆಯನ್ನು, ರಸ್ತೆಯನ್ನಲ್ಲ. ಕೇಬಲಿನೊಳಗೆ ಎಳೆ ಸುರುಳಿಯಾಗಿ ಓಡುವುದರಿಂದ ಅದರ ಉದ್ದ ಇನ್ನೂ ಸ್ವಲ್ಪ ಹೆಚ್ಚೇ. ಲೂಪ್ ಎಲ್ಲೆಲ್ಲಿ, ಎಷ್ಟೆಷ್ಟು ಎಂದು ಬರೆದಿಡದಿದ್ದರೆ ಕೇಬಲ್ ಕಡಿದ ದಿನ ಗ್ಯಾಂಗು ಅಷ್ಟು ದೂರ ಮುಂದೆ ಹೋಗಿ ಪರಸಿ ಒಡೆಯುತ್ತ ಕೂಡುತ್ತದೆ. ಊರಿನ ಆನ್‌ಲೈನ್ ಕೆಲಸ, ರೇಷನ್ ಅಂಗಡಿಯ ಹೆಬ್ಬೆಟ್ಟು ಎಲ್ಲ ಅಲ್ಲಿಯವರೆಗೆ ನಿಂತವು. ಒಳ್ಳೆಯ ಜಾಯಿಂಟರನ ಡೈರಿಗೆ ನಾನು ಮಷಿನ್ನಿನಷ್ಟೇ ಬೆಲೆ ಕೊಡುತ್ತೇನೆ.

ನಿಮ್ಮ ಮನೆಗೂ ಫೈಬರ್ ಬಂದಿದ್ದರೆ ಉಳಿದ ವೈರನ್ನು ಕತ್ತರಿಸಲು ಹೇಳಬೇಡಿ, ಮೊಳೆಗೆ ಬಿಗಿದು ಕಟ್ಟಲೂ ಬಿಡಬೇಡಿ. ಅಂಗೈಗಿಂತ ಅಗಲವಾಗಿ, ಸಡಿಲ ಸುತ್ತಿ ತೂಗುಹಾಕಿಸಿ.