ಐವತ್ತೇಳನೇ ಬೀದಿಯ ಬಾಡಿಗೆ

1975ರ ಮೇ ತಿಂಗಳು. ನ್ಯೂಯಾರ್ಕ್ ನಗರದ ಖಜಾನೆ ಬರಿದಾಗುತ್ತಿದೆ. ಸಂಬಳಕ್ಕೂ ದುಡ್ಡಿಲ್ಲ ಎಂಬ ಮಾತು ಊರ ತುಂಬ. ಆದರೆ ಮ್ಯಾನ್‌ಹಟನ್ನಿನ ಐವತ್ತೇಳನೇ ಬೀದಿಗೆ ಆ ಬಿಸಿ ಇನ್ನೂ ತಟ್ಟಿದಂತಿಲ್ಲ. ಐದನೇ ಅವೆನ್ಯೂ ಮೂಲೆಯಲ್ಲಿ ಟಿಫಾನಿ ಒಡವೆ ಅಂಗಡಿಯನ್ನು ಹಿಂದೆ ಬಿಟ್ಟು ಪಶ್ಚಿಮಕ್ಕೆ ನಡೆಯುತ್ತೀರಿ. 24ನೇ ನಂಬರಿನ ಕಟ್ಟಡದಲ್ಲಿ ಬೆಟ್ಟಿ ಪಾರ್ಸನ್ಸ್ ಅವರ ಗ್ಯಾಲರಿ. ಜಾಕ್ಸನ್ ಪೊಲಾಕ್‌ನ ಚಿತ್ರಗಳನ್ನು ಕೊಳ್ಳುವವರು ಕಡಿಮೆಯಿದ್ದಾಗಲೇ ಗೋಡೆಗೆ ಹಾಕಿದವರು ಅವರು. ಇದು ಅಮೆರಿಕದ ಚಿತ್ರ ವ್ಯಾಪಾರದ ರಾಜಬೀದಿ. ಈ ಬೀದಿಯ ಗೋಡೆಗಳ ಮೇಲೆ ಕಪ್ಪು ಕಲಾವಿದರ ಹೆಸರು ಕಾಣುವುದು ಅಪರೂಪ.

50ನೇ ನಂಬರಿನ ಬಾಗಿಲು ತಳ್ಳಿ ಒಳಗೆ ಹೋಗುತ್ತೀರಿ. ಲಿಫ್ಟ್ ಮೇಲೇರುತ್ತದೆ. ಗ್ಯಾಲರಿಯ ಹೆಸರು ‘ಜಸ್ಟ್ ಅಬವ್ ಮಿಡ್‌ಟೌನ್’. ಬಂದುಹೋಗುವವರ ಬಾಯಲ್ಲಿ ಬರೀ ‘ಜ್ಯಾಮ್’. ಜಾಗ ಚಿಕ್ಕದು. ಒಳಗೆ ಕಾಲಿಟ್ಟ ಮೇಲೆ ಮೊದಲು ಹುಡುಕುವುದು ಚಿತ್ರಗಳನ್ನೇ, ಅವೇ ಕಾಣುವುದಿಲ್ಲ. ಗೋಡೆಯ ಮೇಲೆ ಅಂಗಡಿಯ ಖಾಕಿ ಕಾಗದದ ಚೀಲಗಳು, ಬೋಂಡಾ ಕಟ್ಟಿಕೊಟ್ಟ ಪೇಪರಿನಂತೆ ಜಿಡ್ಡು ಹೀರಿಕೊಂಡು ಅಲ್ಲಲ್ಲಿ ಪಾರದರ್ಶಕವಾಗಿವೆ. ಅವುಗಳ ಮೇಲೆ ಯಾರೋ ತಿಂದು ಬಿಟ್ಟ ಬಾರ್ಬೆಕ್ಯೂ ಮೂಳೆಗಳು, ಸುರುಳಿ ಸುತ್ತಿದ ಕೂದಲು, ಮಿನುಗುಪುಡಿ. ಹತ್ತಿರ ಹೋಗಿ ಬಗ್ಗಿ ನೋಡುತ್ತೀರಿ. ಕಸವೇ ಸರಿ. ಆದರೆ ಎರಡು ಹೆಜ್ಜೆ ಹಿಂದೆ ಸರಿದರೆ ಜಿಡ್ಡಿನ ಕಲೆಗೆ ಒಂದು ಅಂಚು, ಮೂಳೆಗಳ ನಡುವೆ ಒಂದು ಲಯ ಕಾಣತೊಡಗುತ್ತದೆ.

ಕಲಾವಿದ ಡೇವಿಡ್ ಹ್ಯಾಮನ್ಸ್. ಲಾಸ್ ಏಂಜಲೀಸ್‌ನಲ್ಲಿ ಅವನ ಹೆಸರಾದದ್ದು ಬೇರೆ ಬಗೆಯ ಕೆಲಸದಿಂದ: ಮೈಗೆ ಮಾರ್ಗರೀನ್ ಬಳಿದುಕೊಂಡು ಕಾಗದಕ್ಕೆ ಒತ್ತುವುದು, ಅಚ್ಚಿನ ಮೇಲೆ ಬಣ್ಣದ ಪುಡಿ ಉದುರಿಸುವುದು. ಬಂದವರಲ್ಲಿ ಹಲವರು ಕಾಯುತ್ತಿದ್ದದ್ದು ಆ ಮೈಯಚ್ಚುಗಳಿಗೆ. ಚೌಕಟ್ಟು ಹಾಕಿ ಮನೆಯಲ್ಲಿ ತೂಗುಹಾಕಬಹುದಾದವು ಅವು, ಬೇಕಿದ್ದರೆ ಕೊಳ್ಳಲೂಬಹುದು. ಎಣ್ಣೆ ಚೀಲವನ್ನು ಕೊಂಡು ಏನು ಮಾಡುವುದು? ದನಿಗಳು ಏರುತ್ತಿವೆ. ಕಪ್ಪು ಕಲೆ ಎಂದರೆ ನಮ್ಮ ಘನತೆಯ ಚಿತ್ರವಾಗಬೇಕಲ್ಲವೇ, ಎಂಜಲು ಮೂಳೆಯನ್ನು ಬಿಳಿಯರ ಬೀದಿಗೆ ತಂದು ನೇತುಹಾಕುವುದೇ? ನಿಜ ಹೇಳಬೇಕೆಂದರೆ ಆ ಸಿಟ್ಟಿನಲ್ಲಿ ನ್ಯಾಯವಿಲ್ಲದಿಲ್ಲ. ಶತಮಾನಗಳ ಅವಮಾನ ಉಂಡವರು ಗೋಡೆಯ ಮೇಲೆ ತಮ್ಮ ಮುಖ ನೋಡಬಯಸಿದರೆ ತಪ್ಪೇನು?

ಈ ಗ್ಯಾಲರಿಯ ಒಡತಿ ಲಿಂಡಾ ಗುಡ್ ಬ್ರಯಂಟ್. ಬೇರೆ ಯಾವ ಗ್ಯಾಲರಿಯಾದರೂ ಈ ಜಗಳವನ್ನು ನಯವಾಗಿ ಬಾಗಿಲಾಚೆ ಸಾಗಹಾಕುತ್ತಿತ್ತು. ಇವರು ಅದನ್ನೇ ಚರ್ಚೆಯಾಗಿಸುತ್ತಾರೆ. ವಯಸ್ಸು ಇಪ್ಪತ್ತೈದು. ಒಹಾಯೋದ ಕೊಲಂಬಸ್‌ನವರು, ಸ್ಪೆಲ್ಮನ್ ಕಾಲೇಜಿನಲ್ಲಿ ಓದಿದವರು, ಒಬ್ಬರೇ ಇಬ್ಬರು ಮಕ್ಕಳನ್ನು ಸಾಕುತ್ತಿರುವವರು. ಹಾರ್ಲೆಮ್‌ನ ಸ್ಟುಡಿಯೋ ಮ್ಯೂಸಿಯಂನಲ್ಲಿ ಕೆಲಸಕ್ಕಿದ್ದಾಗ, ನ್ಯೂಯಾರ್ಕಿನಲ್ಲಿ ಏಕೆ ಪ್ರದರ್ಶನ ಮಾಡುವುದಿಲ್ಲ ಎಂದು ಹ್ಯಾಮನ್ಸ್‌ನನ್ನು ಕೇಳಿದ್ದರಂತೆ. ಬಿಳಿಯರ ಗ್ಯಾಲರಿಗೆ ನಾನು ಕೃತಿ ಕೊಡುವವನಲ್ಲ ಎಂದನಂತೆ ಅವನು. ಹಾಗಾದರೆ ನಾನೇ ಒಂದು ತೆರೆಯಬೇಕಾಯಿತು ಎಂದರು ಇವರು. ಮಾತಿನ ಓಘದಲ್ಲಿ ಹೇಳಿ ಮರೆಯುವ ಮಾತು ಅದು. ಇವರು ಮರೆಯಲಿಲ್ಲ. ಮಾಲೀಕ ತಿಂಗಳಿಗೆ ಸಾವಿರ ಡಾಲರ್ ಬಾಡಿಗೆ ಕೇಳಿದ ಜಾಗವನ್ನು ಚೌಕಾಸಿ ಮಾಡಿ 300ಕ್ಕೆ ಇಳಿಸಿ, 1974ರ ನವೆಂಬರಿನಲ್ಲಿ ಬಾಗಿಲು ತೆರೆದೇಬಿಟ್ಟರು. ಹಾರ್ಲೆಮ್‌ನಲ್ಲಿ ಇದಕ್ಕಿಂತ ಅಗ್ಗದ ಜಾಗ ಸಿಗುತ್ತಿರಲಿಲ್ಲವೇ? ಸಿಗುತ್ತಿತ್ತು. ಆದರೆ ಬೇಕಿದ್ದದ್ದು ಈ ಬೀದಿಯೇ.

ಕೊಳ್ಳುವವರು ತಾವಾಗಿ ಬರುವುದಿಲ್ಲ ಎಂಬುದೂ ಅವರಿಗೆ ಗೊತ್ತು. ಅದಕ್ಕೇ ಊಟ ಬಡಿಸಿ, ಉಪನ್ಯಾಸ ಇಟ್ಟು, ಕೈಯಲ್ಲಿ ನಾಲ್ಕು ಕಾಸಿರುವ ಕಪ್ಪು ಕುಟುಂಬಗಳನ್ನು ಕರೆಸುತ್ತಾರೆ: ಚಿತ್ರ ಸಂಗ್ರಹಿಸುವುದು ಹೇಗೆ, ಏಕೆ. ಕಲಾವಿದರಿಗೂ ವ್ಯಾಪಾರ ಕಲಿಸುವ ತರಗತಿಗಳು ಮುಂದೆ ಶುರುವಾಗುತ್ತವೆ. ಇಷ್ಟೆಲ್ಲ ಮಾಡಿದರೂ ಲೆಕ್ಕದ ಪುಸ್ತಕ ಸರಿಹೋಗಲೇ ಇಲ್ಲ. ಕ್ರೆಡಿಟ್ ಕಾರ್ಡ್ ಉಜ್ಜುತ್ತ, ಬಾಕಿ ಬಿಲ್ಲುಗಳನ್ನು ಗುಡ್ಡೆ ಹಾಕುತ್ತ ನಡೆಸಿದ ಅಂಗಡಿ ಅದು. ವ್ಯಾಪಾರವೆಂದು ನೋಡಿದರೆ ಸೋಲು ಎನ್ನಬೇಕು. ನನಗೆ ಹಾಗೆನ್ನಲು ಮನಸ್ಸಿಲ್ಲ. ಮಾರಾಟವಾಗದ ಕೃತಿಗೆ ಜಾಗ ಕೊಡಲು ಸಾಲ ಮಾಡಬಲ್ಲವರೇ ಆ ಬೀದಿಯಲ್ಲಿ ಇಲ್ಲದಿದ್ದವರು.

ಎರಡು ವರ್ಷ ಬಿಟ್ಟು, 1977ರಲ್ಲಿ ಬಂದಿದ್ದರೆ ಗೋಡೆಯಿಂದ ಹೆಂಗಸರ ನೈಲಾನ್ ಕಾಲುಚೀಲಗಳು ಇಳಿಬಿದ್ದಿರುತ್ತಿದ್ದವು. ಒಳಗೆ ಮರಳು. ಎಳೆದು ಬಿಗಿದಲ್ಲಿ ಸೊಂಟ, ಜೋತಲ್ಲಿ ಹೊಟ್ಟೆ, ಮೊಲೆ. ಬಸಿರು, ಬಾಣಂತನದಲ್ಲಿ ಹಿಗ್ಗಿದ ಮೈಯನ್ನು ಕಲಾವಿದೆ ಸೆಂಗಾ ನೆಂಗುಡಿ ಹೀಗೆ ಕಂಡಿದ್ದರು. ಇಂದು ದೊಡ್ಡ ಮ್ಯೂಸಿಯಂಗಳು ಅವನ್ನು ಕೊಂಡಿಟ್ಟುಕೊಂಡಿವೆ. ಆಗ ಕೇಳುವವರು ಬೆರಳೆಣಿಕೆ. 1980ರಲ್ಲಿ ಗ್ಯಾಲರಿ ಟ್ರೈಬೆಕಾದ ಫ್ರ್ಯಾಂಕ್ಲಿನ್ ಬೀದಿಗೆ ಹೋಯಿತು. ಅಲ್ಲಿಗೆ ಕಲಾವಿದೆ ಲೊರೇನ್ ಓ'ಗ್ರೇಡಿ 180 ಜೊತೆ ಬಿಳಿ ಕೈಗವಸುಗಳ ನಿಲುವಂಗಿ ತೊಟ್ಟು, ಚಾವಟಿ ಹಿಡಿದು ಕರೆಯದೆ ನುಗ್ಗಿದರು. ಕಪ್ಪು ಕಲಾವಿದರು ವಿನಯ ಸಾಕುಮಾಡಿ ಎದೆಗಾರಿಕೆ ತೋರಲಿ ಎಂದು ಕೂಗಿದರು. ಎದೆಗಾರಿಕೆಗೇ ಹೆಸರಾದ ಜಾಗಕ್ಕೂ ಆ ಬೈಗುಳ ತಪ್ಪಲಿಲ್ಲ ನೋಡಿ.

1986ರಲ್ಲಿ ಜ್ಯಾಮ್ ಮುಚ್ಚಿತು. 2022ರಲ್ಲಿ ಐವತ್ಮೂರನೇ ಬೀದಿಯ ಮ್ಯೂಸಿಯಂ ಆಫ್ ಮಾಡರ್ನ್ ಆರ್ಟ್, ಅಂದರೆ ಹಳೇ ಗ್ಯಾಲರಿಯಿಂದ ನಾಲ್ಕು ಬೀದಿ ದಕ್ಷಿಣಕ್ಕೆ, ಜ್ಯಾಮ್‌ನ ಇತಿಹಾಸವನ್ನೇ ಪ್ರದರ್ಶನಕ್ಕಿಟ್ಟಿತು. ಕೃತಿಗಳ ಜೊತೆಗೆ ಅಂದಿನ ಬಾಕಿ ಬಿಲ್ಲುಗಳೂ ಗೋಡೆ ಏರಿದವು. ಲಿಂಡಾ ಅಷ್ಟರಲ್ಲಿ ಸಾಕ್ಷ್ಯಚಿತ್ರ ತೆಗೆದು, ನ್ಯೂಯಾರ್ಕಿನ ಖಾಲಿ ನಿವೇಶನಗಳಲ್ಲೂ ತಾರಸಿಗಳ ಮೇಲೂ ತರಕಾರಿ ಬೆಳೆಸುವ ಕೆಲಸಕ್ಕೆ ಇಳಿದಾಗಿತ್ತು.