ನಾಲೆ ಏರಿಯ ಮೇಲೊಂದು ಬಟ್ಟೆ ಗೋಡೆ

ದಾರಿಯಲ್ಲಿ ಹೋಗುವವರನ್ನು ಒಂದು ಗಳಿಗೆ ನಿಲ್ಲಿಸಿ, ಅವರು ಒಪ್ಪದ ಮಾತೊಂದನ್ನು ಅವರೇ ಯೋಚಿಸುವಂತೆ ಮಾಡುವುದಿದೆಯಲ್ಲ, ಅಷ್ಟು ಇಷ್ಟದ ಕೆಲಸ ನನಗೆ ಇನ್ನೊಂದಿಲ್ಲ. ಭಾಷಣದಿಂದ ಅಲ್ಲ. ಬಟ್ಟೆಯ ಮೇಲೆ ನಾಲ್ಕು ಅಕ್ಷರ, ಒಂದು ಚಿತ್ರ, ಎಲ್ಲೋ ಒಂದು ಸದ್ದು, ಇವೆಲ್ಲ ಕೂಡುವ ಸರಿಯಾದ ಜಾಗ. ಇಷ್ಟರಿಂದಲೇ ವಾದ ಕಟ್ಟಬೇಕು. ಮಂಡ್ಯ ಸೀಮೆಯಲ್ಲಿ ಹುಟ್ಟಿದವರಿಗೆ ಇದನ್ನು ಹೇಳಿಕೊಡಬೇಕಾಗಿಲ್ಲ. ಒಂದು ವರ್ಷ ಕೊಡಗಿನಲ್ಲಿ ಮಳೆ ಕೈಕೊಟ್ಟರೆ ಸಾಕು, ನಮ್ಮ ಪೇಟೆಯ ಅಂಗಡಿಗಳಲ್ಲಿ ಕೋರಾ ಬಟ್ಟೆ ಖರ್ಚಾಗತೊಡಗುತ್ತದೆ. ಖಾಲಿ ಕೊಡ ಹೊತ್ತ ಹೆಂಗಸರು, ಅಂಗಿ ಬಿಚ್ಚಿ ನಡೆಯುವ ಗಂಡಸರು, ಎತ್ತಿನ ಗಾಡಿ, ತಮಟೆ, ಹಸಿರು ಶಾಲು ಎಲ್ಲವೂ ಸರ್ ಎಂ.ವಿ. ಪ್ರತಿಮೆಯ ಎದುರಿಗೆ ಬಂದು ನಿಲ್ಲುತ್ತವೆ. ಕನ್ನಂಬಾಡಿ ಕಟ್ಟೆಯ ಹಿಂದಿದ್ದ ಮನುಷ್ಯನ ಕಣ್ಣೆದುರು ನೀರಿಲ್ಲದ ಕೊಡವನ್ನು ಎತ್ತಿ ಹಿಡಿದ ಮೇಲೆ ಬೇರೆ ವಿವರಣೆ ಯಾತಕ್ಕೆ ಬೇಕು?

ಅಕ್ಷರದಿಂದ ಶುರು ಮಾಡುತ್ತೇನೆ, ನಾನು ಈ ಕೆಲಸಕ್ಕೆ ಬಂದದ್ದು ಅಲ್ಲಿಂದಲೇ. ಮದ್ದೂರಿನಲ್ಲಿ ಗೋಡೆ ಬರೆಯುವ ಹಿರಿಯರೊಬ್ಬರ ಜೊತೆ ಬಣ್ಣದ ಡಬ್ಬ ಹಿಡಿದು ತಿರುಗುತ್ತಿದ್ದೆ. ಸುಣ್ಣ ಬಳಿದ ಗೋಡೆಗೆ ಅವರು ನೀಲಿ ಸವರಿದ ದಾರವನ್ನು ಬಿಗಿಯಾಗಿ ಹಿಡಿದು ಒಮ್ಮೆ ಮೀಟಿದರೆ ನೇರ ಗೆರೆ ಮೂಡುತ್ತಿತ್ತು. ಆ ಗೆರೆಯ ಮೇಲೆ ಕೂರುವ ಕನ್ನಡದ ಅಕ್ಷರ ಸುಮ್ಮನೆ ಕೂರುವುದಿಲ್ಲ. ಮೇಲೆ ಗುಡಿಸು, ತಲೆಕಟ್ಟು. ಕೆಳಗೆ ಒತ್ತು, ಒತ್ತಿನ ಕೆಳಗೆ ಇನ್ನೊಂದು ಒತ್ತು. ಮೇಲಿನ ಸಾಲಿನ ಒತ್ತು ಇಳಿದು ಕೆಳಗಿನ ಸಾಲಿನ ತಲೆಕಟ್ಟಿಗೆ ತಾಗಿದರೆ ದೂರದಿಂದ ನೋಡುವವರಿಗೆ ಎರಡು ಸಾಲೂ ಕಲಸಿಹೋಗುತ್ತವೆ. ಒಮ್ಮೆ ನಾನು ‘ನಿರ್ಲಕ್ಷ್ಯ’ ಎಂಬ ಪದವಿರುವ ವಾಕ್ಯವನ್ನು ಚೀಟಿಯಲ್ಲಿ ಬರೆದುಕೊಟ್ಟೆ. ಅವರು ಗೋಡೆ ನೋಡಿದರು, ಚೀಟಿ ನೋಡಿದರು. “ಪದ ಬದಲಾಯ್ಸು ಕಣಪ್ಪ, ಗೋಡೆ ಬದಲಾಯ್ಸಕ್ಕಾಯ್ತದಾ?” ಅಂದರು. ಕೊನೆಗೆ ಗೋಡೆಯ ಮೇಲೆ ಬಂದದ್ದು ‘ಯಾರು ಹೊಣೆ?’ ಎಂಬ ಎರಡೇ ಪದ. ಒಂದೂ ಒತ್ತಿಲ್ಲ. ರೈಲಿನ ಕಿಟಕಿಯಿಂದಲೂ ಓದಬಹುದಿತ್ತು. ಅದಕ್ಕಿಂತ ಹೆಚ್ಚಾಗಿ, ನನ್ನ ವಾಕ್ಯ ದೂರು ಹೇಳುತ್ತಿತ್ತು, ಈ ಎರಡು ಪದ ಉತ್ತರ ಕೇಳುತ್ತಿದ್ದವು. ಜಾಗ ಸಾಲದೆ ಬಂದ ಇಕ್ಕಟ್ಟೇ ವಾದವನ್ನು ಹರಿತ ಮಾಡಿತ್ತು. ಅಂದಿನಿಂದ ಬರೆಯುವ ಮೊದಲು ಗೋಡೆ ನೋಡಲು ಹೋಗುತ್ತೇನೆ.

ಚಿತ್ರದ ವಿಷಯಕ್ಕೆ ಬಂದರೆ, ನಮ್ಮ ಜಿಲ್ಲೆಯಲ್ಲಿ ಅಂಕಿಗಿಂತ ದೊಡ್ಡ ಚಿತ್ರವಿಲ್ಲ. 124.80 ಎಂದು ಮಾತ್ರ ಬರೆದು ನಿಲ್ಲಿಸಿ ನೋಡಿ. ಅದು ಕನ್ನಂಬಾಡಿ ಕಟ್ಟೆಯ, ಅಂದರೆ ಕೆಆರ್‌ಎಸ್‌ನ ಗರಿಷ್ಠ ಮಟ್ಟ, ಅಡಿಗಳಲ್ಲಿ, ಎಂದು ಮಂಡ್ಯದ ಶಾಲೆಯ ಹುಡುಗನೂ ಹೇಳುತ್ತಾನೆ. ಬೆಳಗಿನ ಪತ್ರಿಕೆಯಲ್ಲಿ ಇಂದಿನ ಮಟ್ಟ, ಒಳಹರಿವು, ಹೊರಹರಿವು ಎಂದು ಬರುವ ಆ ಪುಟ್ಟ ಚೌಕವನ್ನು ಮೊದಲು ಓದಿ ಆಮೇಲೆ ಮುಖಪುಟಕ್ಕೆ ಬರುವ ಮನೆಗಳು ಇಲ್ಲಿ ಎಷ್ಟೋ ಇವೆ. ಆದರೆ ಟಿಎಂಸಿ? ಎಲ್ಲರ ಬಾಯಲ್ಲೂ ಇದೆ, ಯಾರ ಕಣ್ಣಿಗೂ ಕಂಡಿಲ್ಲ. ನೂರು ಕೋಟಿ ಘನ ಅಡಿ ಎಂದರೆ ತಲೆಯಲ್ಲಿ ಏನೂ ಮೂಡುವುದಿಲ್ಲ. ಒಂದು ರಾತ್ರಿ ಲೆಕ್ಕ ಹಾಕುತ್ತಾ ಕೂತೆ. ಒಂದು ಎಕರೆಗೆ 43,560 ಚದರ ಅಡಿ. ಹಾಗಾದರೆ ಒಂದು ಟಿಎಂಸಿ ನೀರನ್ನು ಸುಮಾರು 23,000 ಎಕರೆ ಗದ್ದೆಯಲ್ಲಿ ಒಂದಡಿ ಆಳಕ್ಕೆ ನಿಲ್ಲಿಸಬಹುದು. ಆ ಸಂತೋಷವನ್ನು ಹೇಗೆ ಹೇಳಲಿ! ಮರುದಿನ ಫಲಕದ ಮೇಲೆ ಒಂದು ಗದ್ದೆ ಬರೆದೆವು. ಬದುವಿನಿಂದ ಬದುವಿಗೆ ನೀರು, ನೀರಿನಲ್ಲಿ ನಿಂತ ರೈತನ ಕಾಲು. ಮುಖವಿಲ್ಲ. ಕೆಳಗೆ ಎಕರೆಯ ಅಂಕಿ. ಟಿಎಂಸಿ ಎಂಬ ಮೂರಕ್ಷರವನ್ನು ಒಂದು ಮೂಲೆಯಲ್ಲಿ ಸಣ್ಣದಾಗಿ ಇಟ್ಟೆವು. ಅದನ್ನು ನೋಡಿದ ಗದ್ದೆಯವರು ತಮ್ಮ ಎಕರೆಯನ್ನು ಆ 23,000ದೊಳಗೆ ಎಲ್ಲಿಡಬಹುದು ಎಂದು ತಾವೇ ಮಾತಾಡಿಕೊಂಡರು. ಮುಖವಿದ್ದಿದ್ದರೆ ‘ಇವನ್ಯಾರು’ ಎಂದು ಕೇಳುತ್ತಿದ್ದರು. ಈಗಿನ ಫ್ಲೆಕ್ಸ್‌ಗಳ ಬಗ್ಗೆ ನನ್ನ ದುಃಖ ಇದೇ. ಹಾರೈಸುವವರ ಮುಖಗಳೇ ತುಂಬಿ, ವಿಷಯಕ್ಕೆ ಎರಡು ಬೆರಳಗಲದ ಜಾಗವೂ ಉಳಿಯುವುದಿಲ್ಲ.

ಸದ್ದು ಬೇರೆಯೇ ವಿದ್ಯೆ. ಮೊದಲು ಟಾಂ ಟಾಂ ಹೊಡೆಸುತ್ತಿದ್ದರು. ತಮಟೆಯ ಏಟು ಮೊದಲು, ಮಾತು ಆಮೇಲೆ. ಏಟಿಗೆ ಒಲೆಯ ಮುಂದಿದ್ದವರು ಬಾಗಿಲಿಗೆ ಬರಬೇಕು, ಬರುವಷ್ಟು ಹೊತ್ತು ತಮಟೆ ಮಾತಾಡಬೇಕು. ಈಗ ಮೈಕ್ ಕಟ್ಟಿದ ಆಟೊ. ಅದು ನಿಲ್ಲುವುದಿಲ್ಲ, ಒಂದು ಮನೆಯ ಮುಂದೆ ಹಾದುಹೋಗುವಷ್ಟರಲ್ಲಿ ಕೇಳುವುದು ಒಂದೆರಡು ವಾಕ್ಯ, ಅದೂ ನಡುವಿನಿಂದ. ಹಾಗಾಗಿ ಆಟೊಗೆ ಬರೆಯುವ ಮಾತಿಗೆ ಆರಂಭವೂ ಇರಬಾರದು, ಕೊನೆಯೂ ಇರಬಾರದು. ಎಲ್ಲಿಂದ ಕಿವಿಗೆ ಬಿದ್ದರೂ ಎಲ್ಲಿ, ಯಾವಾಗ, ಯಾಕೆ ಎಂಬ ಮೂರೂ ಸಿಗಬೇಕು. ಇಂಥ ಸುತ್ತು ಮಾತು ಬರೆಯುವಾಗ ನಾನು ಅಂಗಳದಲ್ಲಿ ನಡೆಯುತ್ತಾ ಗಟ್ಟಿಯಾಗಿ ಓದಿಕೊಳ್ಳುತ್ತೇನೆ. ಮನೆಯವರಿಗೆ ಅಭ್ಯಾಸವಾಗಿದೆ.

ಸದ್ದಿನಲ್ಲಿ ನನ್ನ ದೊಡ್ಡ ಗುರುಗಳು ಮಂಟೇಸ್ವಾಮಿಯ ಕಥೆ ಹಾಡುವ ಮಳವಳ್ಳಿ ಕಡೆಯ ನೀಲಗಾರರು. ಅದೇ ತಾಲ್ಲೂಕಿನ ಬೊಪ್ಪೇಗೌಡನಪುರ ಮಂಟೇಸ್ವಾಮಿಯ ನೆಲೆ. ತಂಬೂರಿ, ಗಗ್ಗರ, ತಾಳ ಹಿಡಿದು ಅವರು ರಾತ್ರಿಯಿಡೀ ಕಥೆ ಹಾಡುವಾಗ ನಾನು ಕಥೆಗಿಂತ ಹೆಚ್ಚಾಗಿ ಹಾಡು ನಿಲ್ಲುವ ಜಾಗಗಳನ್ನು ಕೇಳುತ್ತೇನೆ. ಎಲ್ಲ ವಾದ್ಯಗಳೂ ಒಟ್ಟಿಗೆ ಏರುತ್ತಾ ಬಂದು ತಟ್ಟನೆ ನಿಲ್ಲುತ್ತವೆ. ಆ ಬಿಡುವಿನಲ್ಲಿ ಮುಖ್ಯ ಗಾಯಕರು ಹಾಡದೆ, ಎದುರು ಕೂತವರನ್ನು ನೋಡಿ ಬರೀ ಮಾತಿನಲ್ಲಿ ಒಂದು ಪ್ರಶ್ನೆ ಹಾಕುತ್ತಾರೆ. ಹಿಂದಿನವರು ಹ್ಞೂಂ ಅನ್ನುತ್ತಾರೆ. ಕೊಳಕು ಮೈಯಲ್ಲಿ ಕಲ್ಯಾಣದ ಬಾಗಿಲಿಗೆ ಬಂದ ಗುರುವನ್ನು ಒಳಗೆ ಬಿಡಬೇಕೋ ಬೇಡವೋ ಎಂಬ ತಕರಾರು ಆ ಗಳಿಗೆಯಲ್ಲಿ ಕೇಳುವವನ ಮನೆಯ ಬಾಗಿಲಿಗೇ ಬಂದುಬಿಡುತ್ತದೆ. ಮಂಟೇಸ್ವಾಮಿ ಶರಣರನ್ನು ಪರೀಕ್ಷಿಸಲು ಹಾಗೆ ಬಂದದ್ದಂತೂ ಮಾತಿಲ್ಲದೆ ಮಾಡಿದ ವಾದವೇ. ಹಾಡು ಅದಕ್ಕೆ ಕಿವಿಯನ್ನು ಹದ ಮಾಡುತ್ತದೆ.

ಇನ್ನು ಜಾಗ. ಇದರ ಬಗ್ಗೆ ಎಷ್ಟು ಮಾತಾಡಿದರೂ ನನಗೆ ದಣಿವಿಲ್ಲ. ಮದ್ದೂರಿನ ಶಿವಪುರಕ್ಕೆ ಹೋದಾಗಲೆಲ್ಲ ಸತ್ಯಾಗ್ರಹ ಸೌಧದ ಮುಂದೆ ನಿಂತು 1938ರ ಏಪ್ರಿಲ್ ತಿಂಗಳನ್ನು ನೆನೆಯುತ್ತೇನೆ. ಮೈಸೂರು ಕಾಂಗ್ರೆಸ್ಸಿನ ಮೊದಲ ಅಧಿವೇಶನ. ಬಾವುಟ ಹಾರಿಸಕೂಡದು ಎಂದು ಸರ್ಕಾರದ ಆಜ್ಞೆ. ಅಧ್ಯಕ್ಷರಾಗಿದ್ದ ಟಿ. ಸಿದ್ದಲಿಂಗಯ್ಯನವರು ಹಾರಿಸಿದರು, ಬಂಧನವಾಯಿತು. ಅವರ ಬೆನ್ನಿಗೆ ಇನ್ನೂ ಹಲವರು ಬಂಧನಕ್ಕೆ ಒಳಗಾದರು. ಅದೇ ತಿಂಗಳ 25ರಂದು ವಿದುರಾಶ್ವತ್ಥದಲ್ಲಿ ಗೋಲಿಬಾರಾಗಿ ಜನ ಸತ್ತರು. ಮುಂದೆ ಸರ್ದಾರ್ ಪಟೇಲರು ಬಂದು ದಿವಾನ್ ಮಿರ್ಜಾ ಇಸ್ಮಾಯಿಲ್ ಅವರೊಡನೆ ಮಾತಾಡಿ ಒಪ್ಪಂದವಾಯಿತಲ್ಲ, ಅದರ ಒಂದು ಮುಖ್ಯ ಅಂಶ ನನ್ನಂಥವನಿಗೆ ರೋಮಾಂಚನ ತರುವಂಥದ್ದು: ಸಮಾರಂಭಗಳಲ್ಲಿ ಕಾಂಗ್ರೆಸ್ ಬಾವುಟ ಹಾರಬಹುದು, ಮೈಸೂರಿನ ಬಾವುಟದ ಜೊತೆಯಲ್ಲಿ. ಎರಡು ಬಟ್ಟೆ, ಅಕ್ಕಪಕ್ಕ. ಒಂದರಲ್ಲೂ ಅಕ್ಷರವಿಲ್ಲ. ಒಂದರ ಪಕ್ಕದಲ್ಲಿ ಇನ್ನೊಂದು ಇರಬಹುದು ಎಂಬುದೇ ಅಷ್ಟು ಜನ ಜೈಲಿಗೆ ಹೋಗಿ ಗೆದ್ದ ಮಾತು. ಯಾವುದನ್ನು ಯಾವುದರ ಪಕ್ಕ ಇಡುತ್ತೇವೆ ಎಂಬುದು ಅಲಂಕಾರದ ಪ್ರಶ್ನೆ ಎಂದು ಯಾರಾದರೂ ಹೇಳಿದರೆ ಅವರನ್ನು ಶಿವಪುರಕ್ಕೆ ಕರೆದುಕೊಂಡು ಹೋಗುತ್ತೇನೆ.

ರೈತಸಂಘದ ಆರಂಭದ ವರ್ಷಗಳಲ್ಲಿ ಊರ ಬಾಗಿಲಿಗೆ ನೆಟ್ಟ ಫಲಕಗಳೂ ಹಾಗೆಯೇ. ಅಧಿಕಾರಿಗಳು ಅನುಮತಿಯಿಲ್ಲದೆ ಊರೊಳಗೆ ಬರಬಾರದು ಎಂಬ ಮಾತು ಪತ್ರಿಕೆಯಲ್ಲಿ ಬಂದಿದ್ದರೆ ಹೇಳಿಕೆ. ಜೀಪು ತಿರುಗುವ ಕಡೆ ನಿಂತದ್ದರಿಂದ ಅದು ಗಡಿಯಾಯಿತು. ಈಗ ರಸ್ತೆಗಳೇ ಬದಲಾಗಿವೆ. 2023ರ ಮಾರ್ಚಿನಲ್ಲಿ ಉದ್ಘಾಟನೆಯಾದ ಬೆಂಗಳೂರು–ಮೈಸೂರು ಹೆದ್ದಾರಿ ಮದ್ದೂರು, ಮಂಡ್ಯ ಎರಡನ್ನೂ ಪಕ್ಕಕ್ಕೆ ಬಿಟ್ಟು ಹೋಗುತ್ತದೆ. ಮೊದಲು ಮಂಡ್ಯದ ಸಂಜಯ ಸರ್ಕಲ್ಲಿನಲ್ಲಿ ಬಟ್ಟೆ ಕಟ್ಟಿದರೆ ಮೈಸೂರಿಗೆ ಹೋಗುವ ಬಸ್ಸಿನವರೆಲ್ಲ ಓದುತ್ತಿದ್ದರು. ಈಗ ಅಲ್ಲಿ ಓದುವವರು ನಮ್ಮವರೇ. ಹಾಗಾಗಿ ಅಲ್ಲಿಗೆ ಬರೆಯುವ ಮಾತನ್ನು ನಮ್ಮವರಿಗೇ ಬರೆಯಬೇಕು.

ನಮ್ಮವರಿಗೇ ಬರೆದ ಒಂದನ್ನು ಹೇಳುತ್ತೇನೆ. 2018ರ ನವೆಂಬರ್ 24ರಂದು ಪಾಂಡವಪುರ ತಾಲ್ಲೂಕಿನ ಕನಗನಮರಡಿಯ ಹತ್ತಿರ ಬಸ್ಸು ವಿ.ಸಿ. (ವಿಶ್ವೇಶ್ವರಯ್ಯ) ನಾಲೆಗೆ ಬಿದ್ದು ಮೂವತ್ತು ಜನ ಹೋದರು, ಶಾಲೆ ಮುಗಿಸಿ ಬರುತ್ತಿದ್ದ ಮಕ್ಕಳೂ ಸೇರಿ. ನಾಲೆಗೆ ತಡೆಗೋಡೆ ಬೇಕೆಂದು ಜಿಲ್ಲೆಯೆಲ್ಲ ಕೇಳಿತು. ನಮ್ಮೂರ ನಾಲೆಯ ಏರಿಗೂ ಗೋಡೆ ಇರಲಿಲ್ಲ. ನಾವು ಕೆಲವರು ಸೇರಿ ಏನಾದರೂ ಮಾಡಬೇಕೆಂದು ಕೂತೆವು. ಬಸ್ಸಿನ ಫೋಟೊ ಹಾಕಿ ದೊಡ್ಡ ಫ್ಲೆಕ್ಸ್ ಮಾಡಿಸೋಣ ಎಂದರು ಒಬ್ಬರು. ನನಗೆ ಒಪ್ಪಿಗೆಯಾಗಲಿಲ್ಲ. ಮಕ್ಕಳನ್ನು ಕಳೆದುಕೊಂಡವರೂ ಅದೇ ದಾರಿಯಲ್ಲಿ ಸಂತೆಗೆ ಹೋಗುತ್ತಾರೆ. ಅವರ ಕಣ್ಣಿಗೆ ಆ ನೀರನ್ನು ಮತ್ತೆ ಹಿಡಿಯುವ ಹಕ್ಕು ನಮಗೆಲ್ಲಿದೆ? ಸತ್ತವರ ಸಂಖ್ಯೆ ಬರೆಯೋಣ ಎಂದರು ಇನ್ನೊಬ್ಬರು. ಅದು ಬೇಕು, ಆದರೆ ಬರೆದರೆ ಕಣ್ಣು ಓದಿ ಮುಂದೆ ಹೋಗಿಬಿಡುತ್ತದೆ.

ಕೊನೆಗೆ ಹೀಗೆ ಮಾಡಿದೆವು. ಏರಿಯ ಅಂಚಿನಲ್ಲಿ, ಗೋಡೆ ಬರಬೇಕಾಗಿದ್ದ ನೇರಕ್ಕೆ, ಸೊಂಟದೆತ್ತರಕ್ಕೆ ಉದ್ದಕ್ಕೂ ಬಿಳಿ ಕೋರಾ ಬಟ್ಟೆ ಎಳೆದು ಕಟ್ಟಿದೆವು. ಬಟ್ಟೆ ಹಿಡಿಯಲು ಬಿದಿರಿನ ಗಳ, ಸರಿಯಾಗಿ ಮೂವತ್ತು. ಬಟ್ಟೆಯ ಮೇಲೆ ‘ಇದು ಬರೀ ಬಟ್ಟೆ’ ಎಂಬ ಅಕ್ಷರ, ಒಂದಕ್ಕೂ ಇನ್ನೊಂದಕ್ಕೂ ಹೆಜ್ಜೆಗಟ್ಟಲೆ ಅಂತರ ಬಿಟ್ಟು, ನಡೆಯುವವರು ನಡೆನಡೆಯುತ್ತಲೇ ಓದುವ ಹಾಗೆ. ಗಾಳಿ ಬಂದಾಗ ಇಡೀ ಸಾಲು ಪಟಪಟ ಹೊಡೆದುಕೊಳ್ಳುತ್ತಿತ್ತು. ಮೈಕ್ ಬೇಕಾಗಲಿಲ್ಲ. ಗೋಡೆ ಸದ್ದು ಮಾಡುವುದಿಲ್ಲ. ಈ ಸದ್ದೇ ಅದು ಗೋಡೆಯಲ್ಲ ಎಂದು ಸಾರುತ್ತಿತ್ತು. ಟ್ರ್ಯಾಕ್ಟರಿನವರು, ಬೈಕಿನವರು ನಿಧಾನಿಸಿದರು. ಒಬ್ಬ ಬಸ್ ಡ್ರೈವರು ಇಳಿದು ಬಂದು, “ದೂರದಿಂದ ಗೋಡೆ ಅಂದ್ಕಂಡು ಧೈರ್ಯವಾಗೇ ಬತ್ತಿದ್ದೆ. ಬಟ್ಟೆ ಅಂತ ಗೊತ್ತಾಗ್ತಿದ್ದಂಗೆ ಕಾಲು ತಾನಾಗೇ ಬ್ರೇಕ್ ಮೇಲೆ ಹೋಯ್ತು ಕಣ್ರಪ್ಪ” ಅಂದರು. ಸಂಜೆ ಒಬ್ಬ ಅಜ್ಜಿ ಗಳಗಳನ್ನು ಬೆರಳಲ್ಲಿ ಎಣಿಸುತ್ತಾ ಆ ತುದಿಯವರೆಗೆ ಹೋದರು. ಎಷ್ಟು ಎಂದು ನಾವು ಯಾರೂ ಹೇಳಿರಲಿಲ್ಲ. ನನ್ನ ಇಷ್ಟು ವರ್ಷದ ಕೆಲಸದಲ್ಲಿ ಅಕ್ಷರ, ಚಿತ್ರ, ಸದ್ದು, ಜಾಗ ನಾಲ್ಕೂ ಒಂದರ ಮಾತನ್ನು ಇನ್ನೊಂದು ಆಡದೆ, ತಂತಮ್ಮ ಪಾಲನ್ನು ಮಾತ್ರ ಆಡಿದ್ದು ಅಲ್ಲಿಯೇ.

ಈಗಿನ ಹುಡುಗ ಹುಡುಗಿಯರು ಫೋನಿನಲ್ಲೇ ಇದನ್ನೆಲ್ಲ ಮಾಡುತ್ತಾರೆ, ಚೆನ್ನಾಗಿಯೇ ಮಾಡುತ್ತಾರೆ. ನನ್ನ ಅಕ್ಕನ ಮಗಳು ಅರ್ಧ ನಿಮಿಷದ ವಿಡಿಯೊದಲ್ಲಿ ಆಲೆಮನೆಯ ಕೊಪ್ಪರಿಗೆಯ ಕುದಿ, ಬೆಲ್ಲದ ದರ, ಅವರಪ್ಪನ ಕೈ ಮೂರನ್ನೂ ಒಂದರ ಮೇಲೊಂದು ತಂದಿದ್ದಳು. ಹಿನ್ನೆಲೆಗೆ ಸಿನಿಮಾ ಹಾಡು ಹಾಕಬೇಡ ಕಣವ್ವ, ಕುದಿಯೋ ಸದ್ದೇ ಇರಲಿ ಎಂದೆ. ಹಾಗೇ ಬಿಟ್ಟಳು.

ಸದ್ಯಕ್ಕೆ ಕೈಯಲ್ಲಿರುವ ಕೆಲಸ ನಾಲೆಯ ಕೊನೇ ಭಾಗದವರದು. ನೀರು ಬಿಟ್ಟರೂ ಮಳವಳ್ಳಿ ತಾಲ್ಲೂಕಿನ ತುದಿಗೆ ಬರುವಷ್ಟರಲ್ಲಿ ಸಣ್ಣಗಾಗಿರುತ್ತದೆ ಎಂಬ ಅವರ ಅಳಲು ಹಳೆಯದು. ಮೇಲಿನವರಿಗೆ ಅದು ಕಾಣುವುದಿಲ್ಲ, ಅವರ ಗದ್ದೆಯಲ್ಲಿ ನೀರಿದೆ. ಹಾಗಾದರೆ ಕೇಳಿಸೋಣ ಎಂದು ಹಿತ್ತಾಳೆ ಕೊಡಗಳನ್ನು ಎರವಲು ತಂದಿದ್ದೇನೆ. ಮೊದಲನೆಯದರ ತುಂಬಾ ನೀರು, ಮುಂದಿನದರಲ್ಲಿ ಸ್ವಲ್ಪ ಕಮ್ಮಿ, ಹೀಗೆ ಇಳಿಯುತ್ತಾ ಕೊನೆಯದು ಪೂರಾ ಖಾಲಿ. ಕೋಲಿನಿಂದ ಬಡಿದರೆ ತುಂಬಿದ ಕೊಡ ದಪ್ಪ ದನಿಯಲ್ಲಿ ಒಂದೇ ಸಲ ಗುಮ್ಮೆಂದು ಸುಮ್ಮನಾಗುತ್ತದೆ. ನೀರು ಇಳಿದಂತೆ ದನಿ ಏರುತ್ತದೆ. ಖಾಲಿ ಕೊಡ ಬೀದಿಯ ಆಚೆ ತುದಿಗೂ ಕೇಳುವಂತೆ ಕೂಗುತ್ತದೆ, ಬಹಳ ಹೊತ್ತು. ಮಂಡ್ಯದಲ್ಲಿ ಸರ್ ಎಂ.ವಿ. ಪ್ರತಿಮೆಯ ಎದುರು ನಾಲೆ ಹರಿಯುವ ದಿಕ್ಕಿನಲ್ಲೇ ಸಾಲಾಗಿ ಇಡಬೇಕು, ಒಬ್ಬರು ಬಡಿಯುತ್ತಾ ನಡೆಯಬೇಕು. ಕೊಡದ ಮೇಲೆ ಏನೂ ಬರೆಯಬಾರದು ಎಂದು ಜೊತೆಯವರ ವಾದ. ಊರಿನ ಹೆಸರು ಮಾತ್ರ ಬರೆಯೋಣ, ನಾಲೆಯ ಮೊದಲ ಊರಿನಿಂದ ಕೊನೆಯ ಊರಿನವರೆಗೆ, ಎಂದು ನನ್ನದು. ಭಾನುವಾರ ಮಳವಳ್ಳಿಯಲ್ಲಿ ಎರಡು ಬಗೆಯಲ್ಲೂ ಇಟ್ಟು, ಅಲ್ಲಿಯ ಗದ್ದೆಯವರನ್ನೇ ಕರೆದು ಬಡಿಸಿ ನೋಡುವವರಿದ್ದೇವೆ.