ಮಂತ್ರ, ಖಡ್ಗ ಮತ್ತು ಸಂಕಲ್ಪ

ಹಿಂಸೆ ಕೈಯಿಂದ ಆರಂಭವಾಗುವುದೋ ಮನಸ್ಸಿನಿಂದ ಆರಂಭವಾಗುವುದೋ ಎಂಬ ಪ್ರಶ್ನೆ ನಮ್ಮ ಆಚಾರ್ಯರಿಗೆ ಹೊಸದಲ್ಲ. ಉಮಾಸ್ವಾತಿಗಳು ತತ್ತ್ವಾರ್ಥಸೂತ್ರದಲ್ಲಿ ಹಿಂಸೆಯ ಲಕ್ಷಣವನ್ನು ಹೇಳುವಾಗ ಪ್ರಾಣಹರಣಕ್ಕಿಂತ ಮೊದಲು ಪ್ರಮಾದವನ್ನು ಇರಿಸಿದ್ದಾರೆ. ಕಷಾಯದಿಂದ ಕಲುಷಿತವಾದ ಮನ, ವಚನ, ಕಾಯಗಳ ಪ್ರವೃತ್ತಿಯೇ ಮೂಲ. ಪ್ರಾಣಕ್ಕೆ ಒದಗುವ ಹಾನಿ ಅದರ ಫಲ. ಈ ಮಾತನ್ನು ಸ್ವಾಧ್ಯಾಯದಲ್ಲಿ ನಾವು ಎಷ್ಟೋ ಸಲ ಓದಿರುತ್ತೇವೆ. ಆದರೆ ಮನೆಯ ಮಕ್ಕಳು ನಾವು ಕಂಡರಿಯದ ಒಂದು ಆಟವನ್ನು ಮುಂದಿಟ್ಟು ಅದೇ ಪ್ರಶ್ನೆಯನ್ನು ಕೇಳಿದಾಗ, ಓದಿದ್ದು ಎಷ್ಟರಮಟ್ಟಿಗೆ ನಮ್ಮದಾಗಿದೆ ಎಂಬುದರ ಪರೀಕ್ಷೆಯಾಗುತ್ತದೆ.

ಬೆಂಗಳೂರಿನಲ್ಲಿ ಇಂಜಿನಿಯರಿಂಗ್ ಓದುತ್ತಿರುವ ನನ್ನ ಸೋದರಳಿಯ, ಕಳೆದ ಭಾದ್ರಪದದಲ್ಲಿ ದಶಲಕ್ಷಣ ಪರ್ವಕ್ಕೆಂದು ತಾಯಿಯೊಡನೆ ತುರ್ವಿಹಾಳದ ನಮ್ಮ ಮನೆಗೆ ಬಂದಿದ್ದನು. ಪರ್ವದ ಹಿಂದಿನ ದಿನ ಅವನೂ ನನ್ನ ಮಕ್ಕಳಿಬ್ಬರೂ ಪಡಸಾಲೆಯಲ್ಲಿ ಜಮಖಾನೆ ಹಾಸಿ, ಹಲವು ಮುಖಗಳುಳ್ಳ ದಾಳಗಳನ್ನು ಉರುಳಿಸುತ್ತ ಕುಳಿತಿದ್ದರು. "ಕತ್ತಿಯಿಂದ ಹೊಡೆದೆ, ಅದರ ಮೇಲೆ ಮಂತ್ರವನ್ನೂ ಸೇರಿಸಿದೆ, ಸತ್ತಿತು" ಎಂದು ಹುಡುಗ ಉತ್ಸಾಹದಿಂದ ಕೂಗಿದ್ದು ಅಡುಗೆಮನೆಯಲ್ಲಿದ್ದ ನನ್ನ ತಂಗಿಯ ಕಿವಿಗೆ ಬಿತ್ತು. "ನಾಳೆ ಉತ್ತಮ ಕ್ಷಮಾ, ಇವತ್ತು ಮನ್ಯಾಗ ಕೊಲ್ಲೋ ಮಾತೇನೋ? ಆ ದಾಳ ಒಯ್ದು ಕಾಲುವಿಗೆ ಒಗಿ" ಎಂದಳು. ಹುಡುಗನ ಮುಖ ಕೆಂಪೇರಿತು. ದಾಳ ಎಸೆಯುವುದಾದರೆ ತಾನು ರಾತ್ರಿಯ ಬಸ್ಸಿಗೇ ಹೊರಡುವೆನೆಂದನು. ಬಳಿಕ ನನ್ನ ಕಡೆ ತಿರುಗಿ, "ಮಾವಾ, ನೀವೇ ಹೇಳ್ರಿ, ಇಲ್ಲಿ ಯಾರು ಸತ್ತಾರ?" ಎಂದು ಕೇಳಿದನು. ತಾಯಿ ಮಗ ಇಬ್ಬರೂ ನನ್ನ ಉತ್ತರಕ್ಕೆ ಕಾದು ನಿಂತರು. ಆಟವನ್ನು ತಿಳಿಯದೆ ತೀರ್ಪು ಹೇಳಲಾರೆನೆಂದು, ಅವನಿಂದಲೇ ಅದರ ನಿಯಮಗಳನ್ನು ಕೇಳಿ ತಿಳಿದುಕೊಂಡೆನು.

ಆಟದ ಹೆಸರು ಡಂಜನ್ಸ್ ಅಂಡ್ ಡ್ರ್ಯಾಗನ್ಸ್. ಅಮೆರಿಕದ ಗ್ಯಾರಿ ಗೈಗ್ಯಾಕ್ಸ್ ಮತ್ತು ಡೇವ್ ಆರ್ನೆಸನ್ ಎಂಬವರು 1974ರಲ್ಲಿ ಇದನ್ನು ಪ್ರಕಟಿಸಿದರು. ಒಬ್ಬನು ಕಥೆಯನ್ನು ನಡೆಸುತ್ತಾನೆ. ಉಳಿದವರು ಒಬ್ಬೊಬ್ಬರು ಒಂದೊಂದು ಪಾತ್ರವಾಗಿ, ಆಯಾ ಸಂದರ್ಭದಲ್ಲಿ ತಾವು ಏನು ಮಾಡುವೆವೆಂದು ಹೇಳುತ್ತಾರೆ. ಅದು ಫಲಿಸಿತೋ ಇಲ್ಲವೋ ಎಂಬುದನ್ನು ಇಪ್ಪತ್ತು ಮುಖದ ದಾಳ ನಿರ್ಣಯಿಸುತ್ತದೆ. ಇಲ್ಲಿ ಹಣದ ಪಣವಿಲ್ಲ. ಆದ್ದರಿಂದ ಸಪ್ತವ್ಯಸನಗಳಲ್ಲಿ ಮೊದಲನೆಯದಾದ ದ್ಯೂತದ ಶಂಕೆಯನ್ನು ಬದಿಗಿರಿಸಬಹುದು. ನಮ್ಮ ಭಾಗದ ದೊಡ್ಡಾಟವನ್ನು ಕಂಡವರಿಗೆ ಇದು ಪೂರ್ತಿ ಅಪರಿಚಿತವೆನಿಸದು. ಅಲ್ಲಿಯೂ ಕಥೆ ನಡೆಸುವ ಭಾಗವತನಿದ್ದಾನೆ, ಮರದ ಆಯುಧ ಹಿಡಿದ ವೀರರಿದ್ದಾರೆ. ಆದರೆ ಒಂದು ಮುಖ್ಯ ಭೇದವುಂಟು. ದೊಡ್ಡಾಟದ ದುಶ್ಶಾಸನನು ಸೀರೆಗೆ ಕೈಹಾಕುವುದು ಕಥೆಯಲ್ಲಿ ಹಾಗಿರುವುದರಿಂದ. ಪಾತ್ರಧಾರಿಗೆ ಅಲ್ಲಿ ಆಯ್ಕೆಯಿಲ್ಲ. ಈ ಆಟದಲ್ಲಿ ಕೊಲ್ಲುವುದೋ ಬಿಡುವುದೋ ಎಂಬುದನ್ನು ಆಡುವವನೇ ನಿಶ್ಚಯಿಸಬೇಕು. ಆದ್ದರಿಂದ ಸಂಕಲ್ಪದ ಪ್ರಶ್ನೆ ಇಲ್ಲಿ ಹೆಚ್ಚು ಹತ್ತಿರಕ್ಕೆ ಬರುತ್ತದೆ.

ನನ್ನನ್ನು ವಿಚಾರಕ್ಕೆ ಹಚ್ಚಿದ್ದು ಮಂತ್ರವನ್ನೂ ಆಯುಧವನ್ನೂ ಕೂಡಿಸುವ ನಿಯಮಗಳು. ಸಾಮಾನ್ಯವಾಗಿ ಒಂದು ಸರದಿಯಲ್ಲಿ ಒಂದೇ ಮುಖ್ಯ ಕ್ರಿಯೆ: ಮಂತ್ರ ಪ್ರಯೋಗಿಸಬೇಕು, ಇಲ್ಲವೇ ಆಯುಧ ಬೀಸಬೇಕು. ಎರಡನ್ನೂ ಕೂಡಿಸುವ ಅಧಿಕಾರ ಕೆಲವು ಪಾತ್ರಗಳಿಗೆ ಮಾತ್ರ. 2014ರ ಆವೃತ್ತಿಯಲ್ಲಿ ಎಲ್ಡ್ರಿಚ್ ನೈಟ್ ಎಂಬ ಯೋಧನು ಏಳನೆಯ ಹಂತ ತಲುಪಿದ ಮೇಲೆ, ಒಂದು ಕಿರುಮಂತ್ರವನ್ನು ಪ್ರಯೋಗಿಸಿ ಅದೇ ಸರದಿಯಲ್ಲಿ ಹೆಚ್ಚುವರಿ ಕ್ರಿಯೆಯಾಗಿ ಒಂದು ಏಟು ಹಾಕಬಲ್ಲನು. ಪ್ಯಾಲಡಿನ್ ಎಂಬ ವ್ರತಧಾರಿ ಯೋಧನ ರೀತಿ ಬೇರೆ. ಅವನ ಏಟು ಮೊದಲು ತಗಲಬೇಕು. ತಗಲಿದ ಮೇಲೆ, ತನ್ನಲ್ಲಿರುವ ಮಂತ್ರಶಕ್ತಿಯ ಒಂದಂಶವನ್ನು ವ್ಯಯಮಾಡಿ ಆ ಏಟಿಗೆ ದೈವೀ ತೇಜಸ್ಸನ್ನು ಕೂಡಿಸುವೆನೋ ಇಲ್ಲವೋ ಎಂದು ಅವನು ನಿರ್ಧರಿಸುತ್ತಾನೆ. ಕೂಡಿಸಿದರೆ ಕನಿಷ್ಠ ಎರಡು ಎಂಟುಮುಖದ ದಾಳಗಳಷ್ಟು ಹಾನಿ ಹೆಚ್ಚುತ್ತದೆ. 2014ರ ನಿಯಮದಲ್ಲಿ ಒಂದೇ ಸರದಿಯಲ್ಲಿ ತಗಲಿದ ಪ್ರತಿಯೊಂದು ಏಟಿಗೂ ಹೀಗೆ ಕೂಡಿಸಬಹುದಾಗಿತ್ತು. 2024ರ ಪರಿಷ್ಕರಣದಲ್ಲಿ ಇದನ್ನು ಒಂದು ಮಂತ್ರವೆಂದೇ ಗಣಿಸಿ, ಹೆಚ್ಚುವರಿ ಕ್ರಿಯೆಗೆ ಕಟ್ಟಿಹಾಕಿ, ಸರದಿಗೊಂದೇ ಎಂಬ ಮಿತಿ ತಂದಿದ್ದಾರೆ.

ಏಟು ಒಂದು ಕ್ಷಣದಲ್ಲಿ ಬೀಳುತ್ತದೆ; "ಇನ್ನಷ್ಟು ಬೇಕೇ?" ಎಂಬ ಪ್ರಶ್ನೆ ಅದರ ಮರುಕ್ಷಣದಲ್ಲಿ ಬರುತ್ತದೆ. ಮೊದಲನೆಯದನ್ನು ಕೈ ಮಾಡಿತು, ದಾಳ ಮಾಡಿತು ಎನ್ನಬಹುದು. ಎರಡನೆಯದು ಕೇವಲ ಮನಸ್ಸಿನದು. ನಮ್ಮ ಶಾಸ್ತ್ರಕಾರರು ಪಾಪದ ಆಸ್ರವವನ್ನು ವಿಭಾಗಿಸುವಾಗ ಸಂರಂಭ, ಸಮಾರಂಭ, ಆರಂಭ ಎಂಬ ಮೂರನ್ನು ಮನ, ವಚನ, ಕಾಯಗಳಿಂದ ಗುಣಿಸಿ, ಮಾಡಿದ್ದು, ಮಾಡಿಸಿದ್ದು, ಒಪ್ಪಿದ್ದು ಎಂಬ ಮೂರರಿಂದ ಮತ್ತೆ ಗುಣಿಸಿ, ನಾಲ್ಕು ಕಷಾಯಗಳಿಂದ ಗುಣಿಸಿ 108 ಭೇದಗಳನ್ನು ಹೇಳಿದ್ದಾರೆ. ಒಂದೇ ಕ್ರಿಯೆಯಂತೆ ಕಾಣುವುದರೊಳಗೆ ಎಷ್ಟು ಮೆಟ್ಟಿಲುಗಳಿವೆಯೆಂದು ತೋರಿಸುವುದೇ ಈ ಲೆಕ್ಕದ ಉದ್ದೇಶ. ಮೆಟ್ಟಿಲುಗಳಿರುವಲ್ಲಿ ನಿಲ್ಲುವುದಕ್ಕೂ ಸ್ಥಳವಿರುತ್ತದೆ.

ಇನ್ನೊಂದು ನಿಯಮವನ್ನು ಕೇಳಿ ನನಗೆ ಆಶ್ಚರ್ಯವಾಯಿತು. ಎದುರಾಳಿಯ ಪ್ರಾಣಶಕ್ತಿ ತೀರುವಂಥ ಏಟನ್ನು ಹತ್ತಿರದಿಂದ ಹಾಕಿದವನು, ಕೊಲ್ಲದೆ ಮೂರ್ಛೆಗೊಳಿಸಿ ಬಿಡುತ್ತೇನೆ ಎಂದು ಹೇಳಬಹುದು. ಕತ್ತಿಯ ಏಟಿಗೆ ಮಂತ್ರ ಕೂಡಿದ್ದರೂ ಈ ಅವಕಾಶ ಉಳಿದಿರುತ್ತದೆ. ಆದರೆ 150 ಅಡಿ ದೂರದಿಂದ ಎಸೆದು, 20 ಅಡಿ ತ್ರಿಜ್ಯದೊಳಗಿನ ಎಲ್ಲರನ್ನೂ ಸುಡುವ ಅಗ್ನಿಗೋಲದ ಮಂತ್ರಕ್ಕೆ ಈ ದಯೆಯ ಅವಕಾಶವಿಲ್ಲ. ಅಂದರೆ, ಎದುರಾಳಿಯ ಮುಖ ಕಾಣುವಷ್ಟು ಹತ್ತಿರವಿದ್ದವನಿಗೆ ಮಾತ್ರ ಕ್ಷಮೆಯ ದಾರಿ ತೆರೆದಿದೆ. ನಿಯಮ ಬರೆದವರಿಗೆ ನಮ್ಮ ಶಾಸ್ತ್ರದ ಪರಿಚಯವಿರಲೇಬೇಕೆಂದಿಲ್ಲ. ಆದರೂ ಇದರಲ್ಲಿ ವಿವೇಕವಿದೆ.

ಮಂತ್ರವನ್ನೂ ಆಯುಧವನ್ನೂ ಕೂಡಿಸುವ ಕಲ್ಪನೆ ನಮ್ಮ ಪುರಾಣಗಳಿಗೂ ಹಳೆಯದೇ. ಜೈನ ರಾಮಕಥೆಯಲ್ಲಿ ರಾವಣನು ವಿದ್ಯಾಧರ ಚಕ್ರವರ್ತಿ. ಯುದ್ಧದ ನಡುವೆ ಶಾಂತಿಜಿನಾಲಯದಲ್ಲಿ ಕುಳಿತು ಬಹುರೂಪಿಣೀ ವಿದ್ಯೆಯನ್ನು ಸಾಧಿಸುತ್ತಾನೆ. ಕನ್ನಡದಲ್ಲಿ ನಾಗಚಂದ್ರನ ರಾಮಚಂದ್ರಚರಿತ ಪುರಾಣ ಈ ಪರಂಪರೆಗೆ ಸೇರಿದ್ದು. ವಿದ್ಯೆಯ ಬಲಕ್ಕೆ ಚಕ್ರದ ಬಲವನ್ನು ಕೂಡಿಸಿ ರಾವಣನು ಹೋರಿದನು. ಕೊನೆಗೆ ಅವನೇ ಎಸೆದ ಚಕ್ರ ಲಕ್ಷ್ಮಣನ ಕೈ ಸೇರಿ ಅವನನ್ನೇ ಕೊಂದಿತು. ಗಮನಿಸಬೇಕಾದುದೇನೆಂದರೆ, ನಮ್ಮ ಪುರಾಣಕಾರರು ಗೆದ್ದ ಲಕ್ಷ್ಮಣನನ್ನೂ ನರಕದಿಂದ ಪಾರುಮಾಡಲಿಲ್ಲ. ಕೊಲ್ಲದೆ ಉಳಿದ ರಾಮನಿಗೆ ಮುಕ್ತಿ ದೊರೆಯಿತು.

ಆದಿಪುರಾಣದ ಭರತ ಬಾಹುಬಲಿಗಳ ಪ್ರಸಂಗ ಇನ್ನೂ ಸ್ಪಷ್ಟವಾಗಿದೆ. ಜಿನಸೇನಾಚಾರ್ಯರ ಕೃತಿಯನ್ನು ಅನುಸರಿಸಿ 941ರಲ್ಲಿ ಪಂಪನು ಅದನ್ನು ಕನ್ನಡಕ್ಕೆ ತಂದನು. ಸೈನ್ಯಗಳ ಸಂಹಾರ ಬೇಡವೆಂದು ಮಂತ್ರಿಗಳು ದೃಷ್ಟಿಯುದ್ಧ, ಜಲಯುದ್ಧ, ಮಲ್ಲಯುದ್ಧ ಎಂಬ ಮೂರನ್ನು ಗೊತ್ತುಮಾಡಿದರು. ಮೂರೂ ಎದುರೆದುರು ನಿಂತು ಆಡುವಂಥವು, ಒಂದು ರೀತಿಯಲ್ಲಿ ಆಟಗಳೇ. ಬಾಹುಬಲಿ ಅಣ್ಣನನ್ನು ಮೇಲೆತ್ತಿಯೂ ನೆಲಕ್ಕೆ ಅಪ್ಪಳಿಸಲಿಲ್ಲ. ಸೋತ ಭರತನು ಒಪ್ಪಿದ ನಿಯಮವನ್ನು ಮೀರಿ ಚಕ್ರರತ್ನವನ್ನು ಪ್ರಯೋಗಿಸಿದನು. ಅದು ಬಾಹುಬಲಿಗೆ ಪ್ರದಕ್ಷಿಣೆ ಬಂದು ನಿಂತಿತು. ಯಾರಿಗೂ ಗಾಯವಾಗಲಿಲ್ಲ. ಆದರೂ ಬಾಹುಬಲಿಗೆ ವೈರಾಗ್ಯ ಹುಟ್ಟಿತು. ಏಕೆ? ಚಕ್ರ ಕೊಲ್ಲಲಿಲ್ಲವೆಂಬುದು ಮುಖ್ಯವಾಗದೆ, ಅಣ್ಣನು ಕೊಲ್ಲಬಯಸಿದನೆಂಬುದು ಮುಖ್ಯವಾಯಿತು. "ಇಲ್ಲಿ ಯಾರು ಸತ್ತಾರ?" ಎಂಬ ಪ್ರಶ್ನೆಯನ್ನು ಭರತನೂ ಕೇಳಬಹುದಾಗಿತ್ತು.

ಇದೇ ತತ್ತ್ವವನ್ನು ಜನ್ನನು 1209ರಲ್ಲಿ ರಚಿಸಿದ ಯಶೋಧರಚರಿತೆಯಲ್ಲಿ ಹಿಟ್ಟಿನ ಕೋಳಿಯ ಮೂಲಕ ಹೇಳಿದ್ದಾನೆ. ಜೀವಬಲಿಗೆ ಒಪ್ಪದ ಯಶೋಧರನು ತಾಯಿಯ ಒತ್ತಾಯಕ್ಕೆ ಮಣಿದು ಹಿಟ್ಟಿನ ಕೋಳಿಯನ್ನು ಬಲಿಕೊಟ್ಟನು. ಅಷ್ಟಕ್ಕೇ ತಾಯಿಮಕ್ಕಳು ನವಿಲು, ನಾಯಿ ಮೊದಲಾದ ಜನ್ಮಗಳಲ್ಲಿ ತೊಳಲಿದರು. ನನ್ನ ತಂಗಿ ಈ ಕಥೆಯನ್ನೇ ಮುಂದಿಟ್ಟಳು. ಅವಳ ಮಾತು ಬಲವಾದುದೇ. ಆದರೆ ಅಲ್ಲಿ ಬಲಿಕೊಟ್ಟವರು ಕೋಳಿಯ ಸಾವಿನಿಂದ ನಿಜವಾದ ಫಲವನ್ನು ಬಯಸಿದ್ದರು. ಜೀವಬಲಿಗೆ ಬದಲೆಂದೇ ಹಿಟ್ಟನ್ನು ಕಡಿದರು. ಮಕ್ಕಳು ಆಟದಲ್ಲಿ ಬಯಸುವುದು ಗೆಳೆಯರೊಡನೆ ಕಟ್ಟಿದ ಕಥೆ ಮುಂದುವರಿಯುವುದನ್ನು. ಇವೆರಡನ್ನೂ ಒಂದೇ ತಕ್ಕಡಿಯಲ್ಲಿ ತೂಗಲಾಗದು. ಹಾಗೆಂದು ಎರಡನೆಯದಕ್ಕೆ ತೂಕವೇ ಇಲ್ಲವೆನ್ನಲೂ ಆಗದು. ಅಮೃತಚಂದ್ರಸೂರಿಗಳು ಪುರುಷಾರ್ಥಸಿದ್ಧ್ಯುಪಾಯದಲ್ಲಿ ಬೇಟೆ, ಜಯಾಪಜಯ, ಯುದ್ಧ ಮುಂತಾದವುಗಳ ಚಿಂತನೆಯನ್ನೇ ಅಪಧ್ಯಾನವೆಂದು ಎಣಿಸಿ, ಅದನ್ನು ಅನರ್ಥದಂಡದಲ್ಲಿ ಸೇರಿಸಿದ್ದಾರೆ. ಪ್ರಯೋಜನವಿಲ್ಲದೆ ಕಟ್ಟಿಕೊಳ್ಳುವ ಪಾಪವೇ ಅನರ್ಥದಂಡ. ಆಟ ಮುಗಿದ ಮೇಲೂ ಕೊಂದ ಸವಿ ಮನಸ್ಸಿನಲ್ಲಿ ಉಳಿದರೆ, ಅದು ಅಪಧ್ಯಾನವೇ ಸರಿ.

ಹಾಗಾದರೆ ಗೃಹಸ್ಥನಾದ ಶ್ರಾವಕನು ಏನು ಮಾಡಬೇಕು? ನಮ್ಮ ಧರ್ಮ ಶ್ರಾವಕನ ಕೈಯಿಂದ ಕತ್ತಿಯನ್ನು ಸಂಪೂರ್ಣವಾಗಿ ಕಿತ್ತುಕೊಳ್ಳಲಿಲ್ಲ. ಶ್ರವಣಬೆಳಗೊಳದ ಗೊಮ್ಮಟಮೂರ್ತಿಯನ್ನು ಮಾಡಿಸಿದ ಚಾವುಂಡರಾಯನು ಗಂಗರ ಸೇನಾನಿ. ರಕ್ಷಣೆಗಾಗಿ ಅನಿವಾರ್ಯವಾಗುವ ವಿರೋಧಿ ಹಿಂಸೆಯನ್ನು ಗೃಹಸ್ಥನಿಗೆ ಸಹಿಸಿ, ಕೊಲ್ಲಬೇಕೆಂದೇ ಕೊಲ್ಲುವ ಸಂಕಲ್ಪೀ ಹಿಂಸೆಯನ್ನು ಪೂರ್ಣವಾಗಿ ನಿಷೇಧಿಸಿದರು. ಖಡ್ಗ ಹಿಡಿದವನಿಗೇ ಈ ವಿವೇಕ ಸಾಧ್ಯವೆಂದಮೇಲೆ, ಕಾಗದದ ಮೇಲೆ ಖಡ್ಗ ಬರೆದುಕೊಂಡ ಹುಡುಗನಿಗೆ ಏಕೆ ಅಸಾಧ್ಯ? ಮಹಾಭಾರತದ ಸೌಪ್ತಿಕಪರ್ವದಲ್ಲಿ ಅಶ್ವತ್ಥಾಮನಿಗೆ ಅಸ್ತ್ರದ ಪ್ರಯೋಗ ತಿಳಿದಿತ್ತು, ಉಪಸಂಹಾರ ಸಾಧ್ಯವಾಗಲಿಲ್ಲ. ಅರ್ಜುನನಿಗೆ ಎರಡೂ ಸಾಧ್ಯವಾದವು. ಪ್ರಯೋಗಿಸಿದ್ದನ್ನು ಹಿಂದಕ್ಕೆ ಪಡೆಯುವ ಶಕ್ತಿಯೇ ಸಂಯಮ. ಕಳಿಂಗದ ಬಳಿಕ ಯುದ್ಧವನ್ನು ತೊರೆದ ದೊರೆಯ ಅಶೋಕನೆಂಬ ಹೆಸರೇ ಕೆತ್ತಿರುವ ಶಾಸನ 1915ರಲ್ಲಿ ದೊರೆತದ್ದು ನಮ್ಮ ನೆರೆಯ ಮಸ್ಕಿಯ ಬಂಡೆಯ ಮೇಲೆಯೇ. ಉಪಸಂಹಾರದ ನಿದರ್ಶನಕ್ಕೆ ನಾವು ದೂರ ಹೋಗಬೇಕಾಗಿಲ್ಲ.

ನಾನು ಹುಡುಗನಿಗೆ ಹೇಳಿದ್ದಿಷ್ಟು: "ಸತ್ತವರು ಯಾರೂ ಇಲ್ಲ ಎಂಬುದು ನಿಜ. ಆದರೆ ಸಂಕಲ್ಪಿಸಿದವನು ಒಬ್ಬನಿದ್ದಾನೆ, ಅವನು ನಿಜ. ಅವನನ್ನು ನೋಡಿಕೋ." ತಂಗಿಗೆ ಹೇಳಿದ್ದು: "ದಾಳವನ್ನು ಕಾಲುವೆಗೆ ಎಸೆದರೆ ಅವನು ಬೇರೆ ಊರಿನಲ್ಲಿ ಬೇರೆ ದಾಳ ಕೊಳ್ಳುವನು, ತಾನೇ ಎತ್ತಿಟ್ಟರೆ ಅದು ನಿಯಮವಾಗುತ್ತದೆ." ಇಬ್ಬರೂ ಕೂಡಲೇ ಒಪ್ಪಲಿಲ್ಲ. ರಾತ್ರಿಯ ಬಸ್ಸಿನ ಹೊತ್ತು ಮೀರಿದ ಮೇಲೆ ಹುಡುಗನು ದಾಳಗಳನ್ನು ಚೀಲಕ್ಕೆ ಹಾಕಿ, ಹತ್ತು ದಿನ ಮುಟ್ಟುವುದಿಲ್ಲವೆಂದು ಅಜ್ಜಿಯ ಕೈಗೆ ಕೊಟ್ಟನು.

ಉತ್ತಮ ಸಂಯಮದ ದಿನ ಸ್ವಾಧ್ಯಾಯ ಮುಗಿದ ಮೇಲೆ ಅವನೇ ಬಂದು ಒಂದು ಮಾತು ಹೇಳಿದನು. ತನ್ನ ಪಾತ್ರದ ಏಟು ತಗಲಿದಾಗಲೆಲ್ಲ ಮಂತ್ರವನ್ನು ಕೂಡಿಸುವುದು ರೂಢಿಯಾಗಿತ್ತು, ಬೇಕೇ ಬೇಡವೇ ಎಂದು ಕೇಳಿಕೊಂಡದ್ದೇ ಇಲ್ಲ, ಎಂದನು. ಇದಕ್ಕಿಂತ ಚೆನ್ನಾಗಿ ಪ್ರಮಾದವನ್ನು ವಿವರಿಸುವುದು ನನ್ನಿಂದಾಗದು. ಕ್ಷಮಾವಣಿಯ ದಿನ ಎಲ್ಲರೂ ಪರಸ್ಪರ ಕ್ಷಮೆ ಕೇಳುತ್ತಿರುವಾಗ ನನ್ನ ಕಿರಿಯ ಮಗಳು, ಆಟದಲ್ಲಿ ಕೊಂದ ರಾಕ್ಷಸನಿಗೂ ಕ್ಷಮೆ ಕೇಳಬೇಕೇ ಎಂದು ಕೇಳಿದಳು. ದೊಡ್ಡವರು ನಕ್ಕರು. ನನ್ನ ತಾಯಿ ಮಾತ್ರ ನಗದೆ, "ಕೇಳವ್ವ, ಕೇಳಿದ್ರ ನಿನಗೇನು ಕಡಿಮಿ ಆಗತದ?" ಎಂದರು.

ಮಕ್ಕಳು ಆಡುವ ಹೊಸ ಆಟಗಳನ್ನು ಕಂಡು ಭಯಪಡುವ ಶ್ರಾವಕ ಬಂಧುಗಳಲ್ಲಿ ನನ್ನ ವಿನಂತಿ ಇಷ್ಟೇ. ನಿಷೇಧಿಸುವ ಮೊದಲು ಒಂದು ಗಳಿಗೆ ಪಕ್ಕದಲ್ಲಿ ಕುಳಿತು ನಿಯಮಗಳನ್ನು ಕೇಳಿರಿ. ಏಟಿನ ಮೇಲೆ ಇನ್ನೊಂದು ಏಟನ್ನು ಕೂಡಿಸುವ ಮುನ್ನ ಮಗು ತಡೆದು ಯೋಚಿಸುತ್ತದೆಯೇ, ಬಿಡಬಹುದಾದಲ್ಲಿ ಬಿಡುತ್ತದೆಯೇ, ಸೋತಾಗ ಸಿಟ್ಟನ್ನು ಊಟದ ಎಲೆಯವರೆಗೂ ತರುತ್ತದೆಯೇ ಎಂಬುದನ್ನು ಗಮನಿಸಿರಿ. ಪರ್ವದ ದಿನಗಳಲ್ಲಿ ತಾನೇ ಎತ್ತಿಡುವ ರೂಢಿಯನ್ನು ಕಲಿಸಿರಿ. ಮತ್ತು ಅದೇ ಪ್ರಶ್ನೆಗಳನ್ನು ನಮ್ಮ ಅಂಗಡಿಯ ಗಲ್ಲಾದ ಮುಂದೆ, ನೆರೆಯವನೊಡನೆ ಆಡುವ ಜಗಳದ ನಡುವೆ, ನಮಗೆ ನಾವೇ ಹಾಕಿಕೊಳ್ಳೋಣ. ಅಲ್ಲಿ ಮಾತೇ ಆಯುಧ. ಅದು ತಗಲಿದ ಮೇಲೆ ಇನ್ನೊಂದನ್ನು ಕೂಡಿಸುವುದೋ ಬಿಡುವುದೋ ಎಂಬ ಆಯ್ಕೆ ಪ್ರತಿದಿನವೂ ನಮ್ಮ ಮುಂದಿರುತ್ತದೆ, ಮತ್ತು ಅಲ್ಲಿ ನೋಯುವವರು ಕಲ್ಪನೆಯ ಜೀವಿಗಳಲ್ಲ.